ಐದು ಸಲ ತಟ್ಟಿದರೆ ತೆರೆಯುವ ಬಾಗಿಲು

ಬೀದಿಯಲ್ಲಿ ಕ್ರಿಕೆಟ್ ಆಡುವ ಹುಡುಗರನ್ನು ಕೇಳಿ ನೋಡಿ, ಆಟಕ್ಕೆ ಅಡ್ಡ ಬರುವವರ ದೊಡ್ಡ ಪಟ್ಟಿಯನ್ನೇ ಕೊಡುತ್ತಾರೆ. ಎಮ್ಮೆ, ಹಾಲಿನವನ ಸೈಕಲ್ಲು, ಪಕ್ಕದ ಮನೆಯ ಕಿಟಕಿ ಗಾಜು, ಕೊನೆಯ ಓವರಿನಲ್ಲೇ ಊಟಕ್ಕೆ ಕರೆಯುವ ಅಮ್ಮ. ಮನೆಯೊಳಗೆ ಕಂಪ್ಯೂಟರ್ ಮುಂದೆ ಕೂತು ಆಡುವವರಿಗೆ ಎಮ್ಮೆಯ ಕಾಟವಿಲ್ಲ. ಅವರ ಆಟ ಕೆಡಿಸುವುದು ಅವರದೇ ಎಡಗೈಯ ಕಿರುಬೆರಳು.

ಸಂಗತಿ ಹೀಗೆ. ಓಡುವ, ನೆಗೆಯುವ, ಗುಂಡು ಹಾರಿಸುವ ಆಟಗಳಲ್ಲಿ ಬಲಗೈ ಮೌಸಿನ ಮೇಲಿದ್ದರೆ ಎಡಗೈಯ ಮೂರು ಬೆರಳುಗಳು ಡಬ್ಲ್ಯು, ಎ, ಎಸ್, ಡಿ ಕೀಲಿಗಳ ಮೇಲಿರುತ್ತವೆ. ಡಬ್ಲ್ಯು ಒತ್ತಿದರೆ ಮುಂದಕ್ಕೆ, ಎಸ್ ಒತ್ತಿದರೆ ಹಿಂದಕ್ಕೆ, ಉಳಿದೆರಡು ಎಡಕ್ಕೆ ಮತ್ತು ಬಲಕ್ಕೆ. ಈ ಪದ್ಧತಿಯನ್ನು ಜನಪ್ರಿಯಗೊಳಿಸಿದ ಕೀರ್ತಿ ‘ಥ್ರೆಶ್’ ಎಂಬ ಅಡ್ಡಹೆಸರಿನ ಅಮೆರಿಕದ ಆಟಗಾರ ಡೆನಿಸ್ ಫಾಂಗ್‌ಗೆ ಸಲ್ಲುತ್ತದೆ. 1997ರಲ್ಲಿ ‘ಕ್ವೇಕ್’ ಆಟದ ಪಂದ್ಯಾವಳಿಯೊಂದನ್ನು ಗೆದ್ದು, ಆ ಆಟವನ್ನು ರೂಪಿಸಿದವರಲ್ಲಿ ಒಬ್ಬರಾದ ಜಾನ್ ಕಾರ್ಮ್ಯಾಕ್ ಅವರ ಫೆರಾರಿ ಕಾರನ್ನೇ ಬಹುಮಾನವಾಗಿ ಪಡೆದಾತ ಈತ. ಮೂರು ಬೆರಳುಗಳು ಅಲ್ಲಿ ಕೂತ ಮೇಲೆ ಕಿರುಬೆರಳಿಗೆ ಸಿಗುವುದು ಎರಡೇ ಕೀಲಿ: ಶಿಫ್ಟ್ ಮತ್ತು ಕಂಟ್ರೋಲ್. ಹಾಗಾಗಿ ಬಹಳಷ್ಟು ಆಟಗಳಲ್ಲಿ ಶಿಫ್ಟ್ ಎಂದರೆ ಓಟ, ಕಂಟ್ರೋಲ್ ಎಂದರೆ ಕುಕ್ಕರುಗಾಲಲ್ಲಿ ಬಗ್ಗುವುದು.

ಶತ್ರು ಬೆನ್ನು ಹತ್ತಿದ್ದಾನೆ. ಆಡುವವನ ಕಿರುಬೆರಳು ಗಾಬರಿಯಿಂದ ಶಿಫ್ಟ್ ಕೀಲಿಯನ್ನು ಮತ್ತೆ ಮತ್ತೆ ಕುಟ್ಟುತ್ತದೆ. ಐದನೆಯ ಏಟಿಗೆ ಕಂಪ್ಯೂಟರ್ ಕೀರಲು ದನಿ ತೆಗೆದು, ಆಟವನ್ನು ಹಿಂದಕ್ಕೆ ತಳ್ಳಿ, ಒಂದು ಪೆಟ್ಟಿಗೆಯನ್ನು ಮುಂದಿಡುತ್ತದೆ: ‘ಸ್ಟಿಕಿ ಕೀಸ್ ಶುರು ಮಾಡಬೇಕೆ?’ ಬೇಡ ಎಂದು ಹೇಳಿ ಒಳಗೆ ಮರಳುವಷ್ಟರಲ್ಲಿ ಆಟಗಾರ ನೆಲದ ಮೇಲೆ ಬಿದ್ದಿರುತ್ತಾನೆ. ಒಬ್ಬನೇ ಆಡುವ ಆಟವಾದರೆ ಮತ್ತೆ ಶುರು ಮಾಡಬಹುದು. ಹತ್ತು ಊರುಗಳ ಹತ್ತು ಜನ ಒಟ್ಟಿಗೆ ಆಡುವ ಆಟದಲ್ಲಿ ‘ಸ್ವಲ್ಪ ತಡೆಯಿರಿ’ ಎಂದರೆ ಯಾರು ತಡೆಯುತ್ತಾರೆ?

ಈ ಕಾಟ ಕೊಡುವ ಮನೆತನ ದೊಡ್ಡದು. ಬಲಗಡೆಯ ಶಿಫ್ಟ್ ಕೀಲಿಯನ್ನು ಎಂಟು ಸೆಕೆಂಡು ಒತ್ತಿ ಹಿಡಿದರೆ ‘ಫಿಲ್ಟರ್ ಕೀಸ್’ ಎದ್ದು ಬರುತ್ತದೆ. ಕಂಟ್ರೋಲ್ ಮತ್ತು ಆಲ್ಟ್ ನಡುವೆ ಕೂತಿರುವ ವಿಂಡೋಸ್ ಕೀಲಿಯಂತೂ ಹೆಜ್ಜೆ ತಪ್ಪಿದ ಬೆರಳಿಗೆ ಕಾದೇ ಇರುತ್ತದೆ. 1994ರಲ್ಲಿ ಮೈಕ್ರೋಸಾಫ್ಟ್ ತನ್ನ ‘ನ್ಯಾಚುರಲ್ ಕೀಬೋರ್ಡ್’ ತರುವವರೆಗೆ ಕೀಲಿಮಣೆಯ ಮೇಲೆ ಆ ಕೀಲಿಯೇ ಇರಲಿಲ್ಲ. ಬ್ರೌಸರ್‌ನಲ್ಲಿ ಆಡುವವನು ಬಗ್ಗಿಕೊಂಡೇ ಮುಂದೆ ನಡೆಯಲು ಕಂಟ್ರೋಲ್ ಮತ್ತು ಡಬ್ಲ್ಯು ಒಟ್ಟಿಗೆ ಒತ್ತಿದನೆನ್ನಿ. ಬ್ರೌಸರ್‌ನ ಪ್ರಕಾರ ಅದರ ಅರ್ಥ ‘ಈ ಪುಟವನ್ನು ಮುಚ್ಚು’. ಆಟವೂ ಇಲ್ಲ, ಶತ್ರುವೂ ಇಲ್ಲ. ಕಂಪ್ಯೂಟರ್‌ನಲ್ಲಿ ಕನ್ನಡ ಕೀಲಿಮಣೆಯನ್ನೂ ಹಾಕಿಕೊಂಡವರಿಗೆ ಇನ್ನೊಂದು ಹೆಚ್ಚಿನ ಭಾಗ್ಯವಿದೆ. ಆಲ್ಟ್ ಮತ್ತು ಶಿಫ್ಟ್ ಒಟ್ಟಿಗೆ ಬಿದ್ದರೆ ಇಂಗ್ಲಿಷ್ ಹೋಗಿ ಕನ್ನಡ ಬರುತ್ತದೆ. ‘ಓಡಿ ಬನ್ನಿ’ ಎಂದು ಗೆಳೆಯರಿಗೆ ಇಂಗ್ಲಿಷಿನಲ್ಲಿ ಕಳಿಸಿದ ಸಂದೇಶ ಒತ್ತಕ್ಷರ ಗುಣಿತಾಕ್ಷರಗಳ ರಾಶಿಯಾಗಿ ಹೋಗುತ್ತದೆ.

ಹೀಗೇಕಾಗುತ್ತದೆಂದರೆ, ಒತ್ತಿದ ಕೀಲಿಯ ಸುದ್ದಿ ನೇರವಾಗಿ ಆಟಕ್ಕೆ ಹೋಗುವುದಿಲ್ಲ. ಮೊದಲು ಅದು ವಿಂಡೋಸ್ ಎಂಬ ಯಜಮಾನನ ಕೈ ಸೇರುತ್ತದೆ. ಯಜಮಾನ ತನಗೆ ಸಂಬಂಧಪಟ್ಟದ್ದನ್ನು ಇಟ್ಟುಕೊಂಡು ಉಳಿದದ್ದನ್ನು ಒಳಕ್ಕೆ ಕಳಿಸುತ್ತಾನೆ. ಹಳೆಯ ಆಟಗಳಲ್ಲಿ ಪಾಡು ಇನ್ನೂ ಕೆಟ್ಟದಾಗಿತ್ತು. ಇಡೀ ಪರದೆಯನ್ನು ಆಕ್ರಮಿಸಿದ ಆಟ ಒಮ್ಮೆ ಹಿಂದೆ ಸರಿದರೆ ಚಿತ್ರ ಬಿಡಿಸುವ ಯಂತ್ರಾಂಗದ ಮೇಲಿನ ಹಿಡಿತವನ್ನೇ ಕಳೆದುಕೊಳ್ಳುತ್ತಿತ್ತು. ಮರಳಿ ಬಂದಾಗ ಎಲ್ಲವನ್ನೂ ಹೊಸದಾಗಿ ಕಟ್ಟಿಕೊಳ್ಳಬೇಕು. ಅದಕ್ಕೆ ತಯಾರಿಲ್ಲದ ಆಟ ಅಲ್ಲೇ ಕುಸಿಯುತ್ತಿತ್ತು.

ಆದ್ದರಿಂದ ಆಡುವ ಹುಡುಗರು ಮೊದಲು ಕಲಿಯುವ ಕಂಪ್ಯೂಟರ್ ವಿದ್ಯೆಗಳಲ್ಲಿ ಇದೂ ಒಂದು: ‘ಸೆಟ್ಟಿಂಗ್ಸ್’ಗೆ ಹೋಗು, ‘ಆಕ್ಸೆಸಿಬಿಲಿಟಿ’ ತೆರೆ, ‘ಕೀಬೋರ್ಡ್’ ಹುಡುಕು, ಸ್ಟಿಕಿ ಕೀಸ್‌ನ ಶಾರ್ಟ್‌ಕಟ್ ಆರಿಸು. ಅರ್ಧ ನಿಮಿಷದ ಕೆಲಸ. ಇಂಥದ್ದೊಂದು ಪೀಡೆಯನ್ನು ಇಟ್ಟವನು ಯಾರು ಎಂದು ಬೈದುಕೊಂಡು ಆಟಕ್ಕೆ ಮರಳುತ್ತಾರೆ.

ಇಟ್ಟವರು ಯಾರು ಎಂಬುದು ಕೇಳಬೇಕಾದ ಪ್ರಶ್ನೆಯೇ. ಅಮೆರಿಕದ ವಿಸ್ಕಾನ್ಸಿನ್ ವಿಶ್ವವಿದ್ಯಾಲಯದಲ್ಲಿ ಗ್ರೆಗ್ ವ್ಯಾಂಡರ್‌ಹೈಡನ್ ಅವರ ಮುಂದಾಳ್ತನದ ‘ಟ್ರೇಸ್ ಸೆಂಟರ್’ ಎಂಬ ಸಂಶೋಧನಾ ಕೇಂದ್ರವಿತ್ತು. ಅಂಗವಿಕಲರೂ ಬೇರೆಯವರಂತೆಯೇ ಕಂಪ್ಯೂಟರ್ ಬಳಸುವಂತಾಗಬೇಕು ಎಂಬುದು ಅಲ್ಲಿಯವರ ಹಂಬಲ. ದೊಡ್ಡಕ್ಷರ ಬರೆಯಲು ಶಿಫ್ಟ್ ಒತ್ತಿ ಹಿಡಿದು ಇನ್ನೊಂದು ಕೀಲಿ ಒತ್ತಬೇಕು. ಒಂದೇ ಬೆರಳು ಆಡುವವರು ಏನು ಮಾಡಬೇಕು? ಬಾಯಲ್ಲಿ ಕಡ್ಡಿ ಕಚ್ಚಿ ಟೈಪು ಮಾಡುವವರು? ಅವರಿಗಾಗಿ ಬಂದದ್ದು ಈ ಅಂಟುವ ಕೀಲಿಗಳು. ಶಿಫ್ಟ್ ಒಮ್ಮೆ ಒತ್ತಿ ಬಿಟ್ಟರೆ ಸಾಕು, ಮುಂದಿನ ಕೀಲಿ ಬರುವವರೆಗೆ ಅದು ಒತ್ತಿದಂತೆಯೇ ಅಂಟಿಕೊಂಡಿರುತ್ತದೆ. ಟ್ರೇಸ್ ಕೇಂದ್ರದವರು ಮೊದಲು ಬಿಡಿ ಪೊಟ್ಟಣಗಳಾಗಿ ಹಂಚಿದ ಇಂಥ ಸೌಲಭ್ಯಗಳು ‘ವಿಂಡೋಸ್ 95’ರಲ್ಲಿ ಒಳಗೇ ಸೇರಿಕೊಂಡವು.

ಆದರೆ ಅದನ್ನು ಚಾಲೂ ಮಾಡುವುದು ಹೇಗೆ? ಎರಡು ಕೀಲಿ ಒಟ್ಟಿಗೆ ಒತ್ತಲಾಗದವನಿಗೆ ‘ಈ ಎರಡು ಕೀಲಿ ಒಟ್ಟಿಗೆ ಒತ್ತಿ’ ಎನ್ನುವಂತಿಲ್ಲ. ಮೌಸ್ ಹಿಡಿಯಲಾಗದವನಿಗೆ ಮೌಸ್ ತೋರಿಸುವಂತಿಲ್ಲ. ಪಕ್ಕದವರನ್ನು ಕರೆ ಎಂದರೆ ಉದ್ದೇಶವೇ ಮುಳುಗಿತು. ಒಂದೇ ಬೆರಳಿಗೆ ಸಾಧ್ಯವಾಗುವ, ಬೇರೆಯವರು ಮಾತ್ರ ಸಾಮಾನ್ಯವಾಗಿ ಮಾಡದಿರುವ ಕೆಲಸವೊಂದು ಬೇಕಿತ್ತು. ಟೈಪು ಮಾಡುವಾಗ ನಡುವೆ ಬೇರೆ ಯಾವ ಕೀಲಿಯನ್ನೂ ಮುಟ್ಟದೆ ಶಿಫ್ಟನ್ನೇ ಐದು ಸಲ ಒತ್ತುವವರು ಯಾರಿದ್ದಾರೆ? ಲೆಕ್ಕ ಸರಿಯಾಗಿಯೇ ಇತ್ತು. ಶಿಫ್ಟ್ ಎಂದರೆ ಓಟ ಎಂದುಕೊಂಡ ಆಟಗಾರರಷ್ಟೇ ಲೆಕ್ಕದ ಹೊರಗಿದ್ದರು.

ಇದಕ್ಕೆ ತದ್ವಿರುದ್ಧವಾದ ಇನ್ನೊಂದು ಕೀಲಿಕೂಟವನ್ನು ಪಕ್ಕದಲ್ಲಿಟ್ಟು ನೋಡಿದರೆ ವಿಷಯ ಇನ್ನಷ್ಟು ಸ್ಪಷ್ಟವಾಗುತ್ತದೆ. 1981ರಲ್ಲಿ ಬಂದ ಐಬಿಎಂ ಪಿಸಿಯ ಎಂಜಿನಿಯರುಗಳಲ್ಲಿ ಒಬ್ಬರಾದ ಡೇವಿಡ್ ಬ್ರ್ಯಾಡ್ಲಿ, ಯಂತ್ರವನ್ನು ಮತ್ತೆ ಮೊದಲಿನಿಂದ ಚಾಲೂ ಮಾಡಲು ಕಂಟ್ರೋಲ್, ಆಲ್ಟ್, ಡಿಲೀಟ್ ಮೂರನ್ನೂ ಒಟ್ಟಿಗೆ ಒತ್ತುವ ವಿಧಾನ ತಂದರು. ಮೊದಲು ಅವರು ಆರಿಸಿದ್ದು ಡಿಲೀಟ್ ಅಲ್ಲ, ಎಸ್ಕೇಪ್ ಕೀಲಿ. ಅದು ಎಡಗೈ ಒಂದಕ್ಕೇ ಎಟುಕುತ್ತದೆ, ಅರಿಯದೆ ಒತ್ತಿದರೆ ಮಾಡಿದ ಕೆಲಸವೆಲ್ಲ ಹೋಗುತ್ತದೆ ಎಂದು ಬದಲಾಯಿಸಿದರು. ಅಂದರೆ ಎರಡು ಕೈ ಬೇಕೇಬೇಕು ಎಂಬುದು ಅದರ ಕಾವಲು. 1993ರ ‘ವಿಂಡೋಸ್ ಎನ್‌ಟಿ’ಯಲ್ಲಿ ಒಳಗೆ ಪ್ರವೇಶಿಸಲೂ ಈ ಮೂರನ್ನೇ ಒತ್ತಬೇಕಾಯಿತು. ಒಂದು ಕೈಯವನಿಗೆ ಬಾಗಿಲಲ್ಲೇ ತಡೆ. ಆ ತಡೆಯನ್ನು ದಾಟಿಸುವುದೂ ಸ್ಟಿಕಿ ಕೀಸ್ ಕೆಲಸವೇ. ಅದು ಚಾಲೂ ಇದ್ದರೆ ಮೂರನ್ನೂ ಒಂದಾದ ಮೇಲೊಂದರಂತೆ ನಿಧಾನವಾಗಿ ಒತ್ತಬಹುದು.

ಕನ್ನಡ ಟೈಪು ಮಾಡುವವರಿಗೆ ಶಿಫ್ಟ್ ಎಷ್ಟು ಮುಖ್ಯವೆಂದು ಬಿಡಿಸಿ ಹೇಳಬೇಕಾಗಿಲ್ಲ. ಕೆ.ಪಿ. ರಾವ್ ಅವರ ವಿನ್ಯಾಸವನ್ನು ಆಧರಿಸಿದ, ‘ನುಡಿ’ ಬಳಸುವವರಿಗೆಲ್ಲ ಪರಿಚಿತವಾದ ಕೀಲಿಮಣೆಯಲ್ಲಿ ಬರಿದೆ ಒತ್ತಿದರೆ ‘ನ’, ಶಿಫ್ಟ್ ಜತೆ ಒತ್ತಿದರೆ ‘ಣ’. ‘ಲ’ ಹೋಗಿ ‘ಳ’ ಆಗುವುದು, ‘ಕ’ ಹೋಗಿ ‘ಖ’ ಆಗುವುದು, ಹ್ರಸ್ವ ಹೋಗಿ ದೀರ್ಘವಾಗುವುದು ಎಲ್ಲವೂ ಶಿಫ್ಟಿನಿಂದ. ‘ಕನ್ನಡ’ ಎಂದು ಬರೆಯಲು ಶಿಫ್ಟ್ ಒಮ್ಮೆಯೂ ಬೇಡ. ‘ಬೆಂಗಳೂರು’ ಎಂದು ಬರೆಯಲು ಮೂರು ಸಲ ಬೇಕು: ಸೊನ್ನೆಗೊಮ್ಮೆ, ಳಕಾರಕ್ಕೊಮ್ಮೆ, ದೀರ್ಘಕ್ಕೊಮ್ಮೆ.

ತುಮಕೂರಿನ ಒಂದು ಮನೆಯಲ್ಲಿ ಕಂಪ್ಯೂಟರ್ ಒಂದೇ, ಬಳಸುವವರು ಇಬ್ಬರು. ತಾತ ತಾಲ್ಲೂಕು ಕಚೇರಿಯಲ್ಲಿ ಮೂವತ್ತು ವರ್ಷ ಟೈಪಿಸ್ಟ್ ಆಗಿದ್ದವರು. ಹತ್ತು ಬೆರಳಲ್ಲಿ ಮಳೆ ಸುರಿದಂತೆ ಟೈಪು ಮಾಡುತ್ತಿದ್ದವರಿಗೆ ಲಕ್ವ ಹೊಡೆದ ಮೇಲೆ ಎಡಗೈ ಮೇಲೇಳುವುದಿಲ್ಲ. ಬಲಗೈಯಲ್ಲೂ ಹೇಳಿದ ಮಾತು ಕೇಳುವುದು ತೋರುಬೆರಳೊಂದೇ. ಆ ಬೆರಳಿನಿಂದ ಅವರು ಸಂಘದ ನಡವಳಿಗಳನ್ನು, ನಿವೃತ್ತ ಗೆಳೆಯರ ಪಿಂಚಣಿ ಅರ್ಜಿಗಳನ್ನು ಬರೆದುಕೊಡುತ್ತಾರೆ. ಕೂತೊಡನೆ ಶಿಫ್ಟ್ ಐದು ಸಲ, ಪ್ರಶ್ನೆ ಬಂದರೆ ಎಂಟರ್ ಒಮ್ಮೆ. ನಂತರ ಯಾರ ಹಂಗೂ ಇಲ್ಲ.

ಒಂದು ಸೋಮವಾರ ಐದು ಸಲ ಒತ್ತಿದರೂ ಪ್ರಶ್ನೆ ಬರಲಿಲ್ಲ. ಬೆರಳು ಲೆಕ್ಕ ತಪ್ಪಿತೇನೋ ಎಂದು ಬಾಯಲ್ಲಿ ಎಣಿಸುತ್ತ ಮತ್ತೆ ಒತ್ತಿದರು. ಇಲ್ಲ. ಆವತ್ತಿನ ಅರ್ಜಿಯಲ್ಲಿ ‘ಬೆಂಗಳೂರು’ ‘ಬೆಮಗಲುರು’ ಆಯಿತು. ಅಡುಗೆಮನೆಯಲ್ಲಿದ್ದ ಸೊಸೆಯನ್ನು ಒಮ್ಮೆ ಕರೆದರು, ಎರಡು ಸಲ ಕರೆದರು. ಮೂರನೆಯ ಸಲ ಕರೆಯದೆ ಕಂಪ್ಯೂಟರ್ ಮುಚ್ಚಿ ಪಡಸಾಲೆಗೆ ಹೋಗಿ ಕೂತರು. ಬೆರಳಿಗೂ ರೋಗ ಹತ್ತಿತು ಎಂದೇ ಅವರ ಎಣಿಕೆ. ಎರಡು ದಿನ ಅವರು ಆ ಕಡೆ ಸುಳಿಯಲಿಲ್ಲ.

ಬುಧವಾರ ಸಂಜೆ ಮೊಮ್ಮಗನಿಗೆ ಅನುಮಾನ ಬಂತು.

“ತಾತ, ಯಾಕೆ ಟೈಪು ಮಾಡ್ತಾ ಇಲ್ಲ?”

“ಶಿಫ್ಟ್ ಹಿಡೀತಾ ಇಲ್ಲ ಕಣೋ ಮರಿ. ಇನ್ನು ಸಾಕು ಬಿಡು.”

ಹುಡುಗನ ಮುಖ ಸಣ್ಣದಾಯಿತು. “ಅದು ನಾನೇ ತೆಗೆದದ್ದು ತಾತ. ಆಟದ ಮಧ್ಯೆ ಬರ್ತಿತ್ತು. ನಿಮಗೆ ಅದು ಬೇಕು ಅಂತ ಗೊತ್ತಿರಲಿಲ್ಲ.”

ತಾತ ಬೈಯಲಿಲ್ಲ. “ಹಾಗಾದ್ರೆ ಬೆರಳು ಸರಿಯಾಗೇ ಇದೆ ಅನ್ನು” ಎಂದರು. ಪರಿಹಾರ ಹೇಳಿದವಳು ಸೊಸೆ: “ಇಬ್ಬರಿಗೂ ಬೇರೆ ಬೇರೆ ಅಕೌಂಟ್ ಮಾಡಿದರಾಯ್ತು ಮಾವ. ಅವನದರಲ್ಲಿ ಆರಿಸಿರಲಿ, ನಿಮ್ಮದರಲ್ಲಿ ಇರಲಿ.” ಹತ್ತು ನಿಮಿಷದಲ್ಲಿ ಅದೂ ಆಯಿತು.

ಸೊಸೆಯ ಮಾತಿನ ಹಿಂದೆ ಯಂತ್ರದ ತರ್ಕವೂ ಇದೆ. ವಿಂಡೋಸ್ ಈ ಆಯ್ಕೆಗಳನ್ನು ಇಡೀ ಯಂತ್ರಕ್ಕೆ ಒಂದೆಂದು ಇಡುವುದಿಲ್ಲ. ಒಬ್ಬೊಬ್ಬ ಬಳಕೆದಾರನಿಗೂ ಪ್ರತ್ಯೇಕ ಖಾತೆಯಲ್ಲಿ ಒಂದು ಸಂಖ್ಯೆಯಾಗಿ ಬರೆದಿಡುತ್ತದೆ. ಸ್ಟಿಕಿ ಕೀಸ್‌ನ ಮಾಮೂಲಿ ಸಂಖ್ಯೆ 510. ಅದು 2, 4, 8, 16, 32, 64, 128, 256ರ ಮೊತ್ತ. ಒಂದೊಂದು ಸಂಖ್ಯೆಯೂ ಒಂದೊಂದು ಸ್ವಿಚ್ಚು. ಇವುಗಳಲ್ಲಿ 4 ಎಂಬುದು ಐದು ಏಟಿನ ಸ್ವಿಚ್ಚು. ಅದನ್ನು ಕಳೆದರೆ 506. ಬಲ್ಲ ಹುಡುಗರು ನೇರವಾಗಿ ಬರೆದುಬಿಡುವ ಸಂಖ್ಯೆ ಅದೇ. 256 ಎಂಬ ಸ್ವಿಚ್ಚು ಇನ್ನೂ ಸ್ವಾರಸ್ಯಕರ. ಶಿಫ್ಟಿನಂಥ ಕೀಲಿಯನ್ನೂ ಇನ್ನೊಂದನ್ನೂ ಯಾರಾದರೂ ಒಟ್ಟಿಗೆ ಒತ್ತಿದರೆ ಸ್ಟಿಕಿ ಕೀಸ್ ತಾನಾಗಿಯೇ ನಿಂತುಹೋಗುತ್ತದೆ. ಎರಡು ಕೀಲಿ ಒಟ್ಟಿಗೆ ಒತ್ತಬಲ್ಲವರು ಕುರ್ಚಿಗೆ ಬಂದಿದ್ದಾರೆ, ಇನ್ನು ನನ್ನ ಅಗತ್ಯವಿಲ್ಲ ಎಂದು ಅದು ಜಾಗ ಬಿಟ್ಟುಕೊಡುತ್ತದೆ.

ಆಟ ರಚಿಸುವವರಿಗೂ ಇಲ್ಲೊಂದು ಹೊಣೆಯಿದೆ. ಮೈಕ್ರೋಸಾಫ್ಟ್ ಅವರಿಗೆ ಕೊಟ್ಟಿರುವ ಸೂಚನೆ ಬಾಡಿಗೆ ಮನೆಯ ಕರಾರಿನಂತಿದೆ. ಆಟ ಶುರುವಾಗುವಾಗ ಬಳಕೆದಾರನ ಆಯ್ಕೆಗಳನ್ನು ನೆನಪಿಟ್ಟುಕೊಳ್ಳಿ. ಸ್ಟಿಕಿ ಕೀಸ್ ಮೊದಲೇ ಚಾಲೂ ಇದ್ದರೆ ಆತನಿಗೆ ಅದು ಬೇಕೆಂದು ಅರ್ಥ, ಮುಟ್ಟಬೇಡಿ. ಇಲ್ಲದಿದ್ದರೆ ಮಾತ್ರ ಶಾರ್ಟ್‌ಕಟ್ ಆರಿಸಿ. ಆಟ ಹಿಂದೆ ಸರಿದಾಗ, ಮುಗಿದಾಗ, ಎಲ್ಲವನ್ನೂ ಇದ್ದ ಹಾಗೆಯೇ ಹಿಂದಿರುಗಿಸಿ. ಇದನ್ನು ಪಾಲಿಸುವ ಆಟವಿದ್ದರೆ ಆಡುವವನು ಸೆಟ್ಟಿಂಗ್ಸ್ ಮುಟ್ಟಬೇಕಾದ್ದೇ ಇಲ್ಲ. ಪಾಲಿಸದ ಆಟಗಳು ಇರುವುದರಿಂದಲೇ ಹುಡುಗರು ತಾವೇ ಕೈ ಹಾಕುತ್ತಾರೆ.

ಕೈ ಹಾಕುವುದು ತಪ್ಪಲ್ಲ. ಸ್ವಂತ ಖಾತೆಯಲ್ಲಿ ಶಾರ್ಟ್‌ಕಟ್ ಆರಿಸಬಹುದು. ಆಟದಲ್ಲಿ ಓಟದ ಕೀಲಿಯನ್ನು ಶಿಫ್ಟಿನಿಂದ ಬೇರೆಡೆಗೆ ಬದಲಾಯಿಸಬಹುದು. ಬಹಳಷ್ಟು ಆಟಗಳು ಅದಕ್ಕೆ ಒಪ್ಪುತ್ತವೆ. ವಿಂಡೋಸ್ ಕೀಲಿಯನ್ನು ಆಟದ ಹೊತ್ತಿನಲ್ಲಿ ಮಾತ್ರ ನಿಲ್ಲಿಸುವ ಗುಂಡಿ ಇರುವ ಕೀಲಿಮಣೆಗಳೂ ಸಿಗುತ್ತವೆ. ಹತ್ತಾರು ಜನ ಒಂದೇ ಖಾತೆಯಲ್ಲಿ ಕೂರುವ ಕಡೆ, ಅಂದರೆ ಶಾಲೆಯ ಲ್ಯಾಬಿನಲ್ಲಿ, ಗ್ರಂಥಾಲಯದಲ್ಲಿ, ಸೈಬರ್ ಸೆಂಟರಿನಲ್ಲಿ ಮಾತ್ರ ಇದ್ದದ್ದು ಇದ್ದ ಹಾಗೆ ಇರಬೇಕು. ಅಂಥ ಕಡೆ ಮುಂದಿನ ಸಲ ಹೋದಾಗ ಶಿಫ್ಟ್ ಕೀಲಿಯನ್ನು ಐದು ಸಲ ಒತ್ತಿ ನೋಡಿ. ದನಿ ಕೇಳಿ ಪ್ರಶ್ನೆ ಬಂದರೆ ‘ಬೇಡ’ ಎಂದು ಹೇಳಿ ನಿಮ್ಮ ಕೆಲಸ ಮುಂದುವರಿಸಿ. ಪ್ರಶ್ನೆ ಬಾರದಿದ್ದರೆ ಅಲ್ಲಿಯ ಉಸ್ತುವಾರಿಯವರಿಗೆ ಒಂದು ಮಾತು ಹೇಳಿ ಬನ್ನಿ.