ಕಂಡವನ ಮಾತು

ವಿಮೋಚನಕಾಂಡದ 21ನೇ ಅಧ್ಯಾಯವನ್ನು ನಾವು ಸಾಮಾನ್ಯವಾಗಿ ಅವಸರದಲ್ಲಿ ಓದಿ ಮುಗಿಸುತ್ತೇವೆ. ಹತ್ತು ಆಜ್ಞೆಗಳ ಗಾಂಭೀರ್ಯದ ನಂತರ ಹಾಯುವ ಎತ್ತು, ಮುಚ್ಚದೆ ಬಿಟ್ಟ ಗುಂಡಿ ಇವುಗಳ ಪ್ರಸ್ತಾಪ ನೀರಸವೆನಿಸುವುದು ಸಹಜ. ಆದರೆ ಅಲ್ಲೊಂದು ಸೂಕ್ಷ್ಮವಿದೆ. ಎತ್ತು ಅನಿರೀಕ್ಷಿತವಾಗಿ ಹಾಯ್ದು ಒಬ್ಬನನ್ನು ಕೊಂದರೆ ಒಡೆಯ ನಿರಪರಾಧಿ. ಅದು ಹಾಯುವ ಎತ್ತೆಂದು ಮುಂಚೆಯೇ ತಿಳಿಸಿದ್ದರೂ ಕಟ್ಟಿಹಾಕದಿದ್ದರೆ ಒಡೆಯನೇ ಹೊಣೆ. ಇಂದಿನ ನ್ಯಾಯಾಲಯಗಳು ನಿರ್ಲಕ್ಷ್ಯವೆಂದು ಕರೆಯುವುದು ಹೆಚ್ಚುಕಡಿಮೆ ಇದನ್ನೇ. ಆದರೆ ತಿಳಿಸಿದ್ದುದು ನಿಜವೆಂದು ಹೇಳುವವರು ಯಾರು?

ನಮ್ಮ ಧರ್ಮಕೇಂದ್ರದ ಗಾರೆ ಕೆಲಸಗಾರರೊಬ್ಬರ ಜೊತೆ ನ್ಯಾಯಾಲಯಕ್ಕೆ ಅಲೆದಾಡಿದ ದಿನಗಳಲ್ಲಿ ಈ ಪ್ರಶ್ನೆ ನನ್ನನ್ನು ಬಿಡಲಿಲ್ಲ. ಕೆಲಸ ಮುಗಿಸಿ ಸೈಕಲ್ಲಿನಲ್ಲಿ ಬರುತ್ತಿದ್ದಾಗ ಹಿಂದಿನಿಂದ ಲಾರಿ ತಗುಲಿ ಅವರ ಬಲಗಾಲು ಎರಡು ಕಡೆ ಮುರಿಯಿತು. ಆಸ್ಪತ್ರೆಯಲ್ಲಿ ಏನಾಯಿತೆಂದು ಕೇಳಿದಾಗ ಅವರ ಹೆಂಡತಿ ಗಾಬರಿಯಲ್ಲಿ, "ಸೈಕಲ್ಲಿನಿಂದ ಬಿದ್ದುಬಿಟ್ರು" ಎಂದರು. ಬಿದ್ದದ್ದು ನಿಜವೇ. ದಾಖಲೆಯಲ್ಲಿ ಮಾತ್ರ ಅದು ತಾನಾಗಿಯೇ ಬಿದ್ದದ್ದೆಂದಾಯಿತು. ವಿಮಾ ಸಂಸ್ಥೆಯ ವಕೀಲರು ಆ ಒಂದು ಸಾಲನ್ನು ಕೊನೆಯವರೆಗೂ ಬಿಡಲಿಲ್ಲ.

ಮೋಟಾರು ವಾಹನ ಕಾಯ್ದೆಯಲ್ಲಿ ಗಾಯಾಳುವಿಗೆ ಎರಡು ಬಾಗಿಲುಗಳಿವೆ. 2022ರ ಏಪ್ರಿಲ್ 1ರಿಂದ ಜಾರಿಯಲ್ಲಿರುವ 164ನೇ ಕಲಮಿನಡಿ ತಪ್ಪು ಯಾರದೆಂದು ರುಜುವಾತು ಪಡಿಸದೆಯೇ ತೀವ್ರ ಗಾಯಕ್ಕೆ ಎರಡೂವರೆ ಲಕ್ಷ ರೂಪಾಯಿ ದೊರೆಯುತ್ತದೆ. ಅದನ್ನು ಸ್ವೀಕರಿಸಿದರೆ 166ನೇ ಕಲಮಿನಡಿಯ ಬೇಡಿಕೆ ಮುಗಿದುಹೋಗುತ್ತದೆ. ಆ ಇನ್ನೊಂದು ಬಾಗಿಲಲ್ಲಿ ನಷ್ಟಕ್ಕೆ ತಕ್ಕ ಪರಿಹಾರವನ್ನು ಕೇಳಬಹುದು, ಆದರೆ ಚಾಲಕನ ನಿರ್ಲಕ್ಷ್ಯವನ್ನು ತೋರಿಸಿಕೊಡಬೇಕು. ಇನ್ನೆಂದೂ ಸಾರುವೆ ಏರಲಾರದ ಮನುಷ್ಯನಿಗೆ ಎರಡೂವರೆ ಲಕ್ಷ ಎಷ್ಟು ದಿನ ಬಂದೀತು? ಅವರು ಎರಡನೆಯದನ್ನೇ ಆರಿಸಿಕೊಂಡರು.

ಕಾನೂನು ಇಲ್ಲಿ ನಾವು ಅಂದುಕೊಂಡಷ್ಟು ಕಠೋರವಾಗಿಲ್ಲವೆನ್ನಬೇಕು. ಕ್ರಿಮಿನಲ್ ಮೊಕದ್ದಮೆಯಂತೆ ಸಂಶಯಾತೀತವಾಗಿ ಸಾಬೀತಾಗಬೇಕಿಲ್ಲ, ಯಾವುದು ಹೆಚ್ಚು ಸಂಭವನೀಯವೋ ಅದನ್ನು ನೋಡಿದರೆ ಸಾಕೆಂದು ಬಿಮಲಾ ದೇವಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟು 2009ರಲ್ಲಿ ಹೇಳಿದೆ. ನಮ್ಮವರ ಪರವಾಗಿ ಮಾತನಾಡಿದ್ದು ಪೊಲೀಸರ ಸ್ಥಳ ಮಹಜರು ಮತ್ತು ಅದರ ಜೊತೆಗಿದ್ದ ಕೈನಕ್ಷೆ. ಸೈಕಲ್ಲು ಬಿದ್ದಿದ್ದ ಜಾಗ ಡಾಂಬರಿನ ಮೇಲಲ್ಲ, ಎಡಬದಿಯ ಮಣ್ಣಿನಲ್ಲಿ. ಮೋಟಾರು ವಾಹನ ನಿರೀಕ್ಷಕರ ವರದಿಯಲ್ಲಿ ಲಾರಿಯ ಮುಂಬದಿಯ ಎಡಮೂಲೆ ನುಗ್ಗಾದ ವಿಷಯವಿತ್ತು. ಸೈಕಲ್ಲು ಏಕಾಏಕಿ ಅಡ್ಡ ಬಂತೆಂಬ ಚಾಲಕನ ಮಾತಿಗೆ ಇವೆರಡೂ ಹೊಂದುತ್ತಿರಲಿಲ್ಲ. ಮಣ್ಣಿನಲ್ಲಿ ಕುಕ್ಕರಗಾಲಲ್ಲಿ ಕುಳಿತು ಟೇಪು ಹಿಡಿದು ಅಳೆದ ಆ ಪೇದೆಯನ್ನು ನಾನು ಕಂಡಿಲ್ಲ. ಜಪಸರ ಹಿಡಿದಾಗ ಒಮ್ಮೊಮ್ಮೆ ನೆನೆಯುವುದುಂಟು.

ಆದರೂ ಕಣ್ಣಾರೆ ಕಂಡವರು ಬೇಕಿತ್ತು. ಕಂಡಿದ್ದವರು ಎದುರಿನ ಚಹಾದಂಗಡಿಯವರು. ಆಟೋ ಹತ್ತಿಸಿದವರೂ ಅವರೇ. ನೆರವಾದವರನ್ನು ಸಾಕ್ಷಿ ಹೇಳೆಂದು ಬಲವಂತಪಡಿಸಬಾರದೆಂದು ಸುಪ್ರೀಂ ಕೋರ್ಟು 2016ರಲ್ಲಿ ಅಂಗೀಕರಿಸಿದ ಮಾರ್ಗಸೂಚಿ ಹೇಳುತ್ತದೆ. ಒಳ್ಳೆಯ ನಿಯಮ. ಲೂಕನ ಶುಭಸಂದೇಶದ ಸಮಾರಿಯದವನೂ ಗಾಯ ಕಟ್ಟಿದ, ಛತ್ರದವನಿಗೆ ಹಣ ಕೊಟ್ಟ; ಕಳ್ಳರು ಯಾರೆಂದು ಅವನನ್ನು ಯಾರೂ ಕೇಳಲಿಲ್ಲ. ಆದರೆ ಯಾಜಕಕಾಂಡದ 5ನೇ ಅಧ್ಯಾಯದ ಮೊದಲ ವಚನ, ಸಾಕ್ಷಿಗೆ ಕರೆ ಬಂದಾಗ ಕಂಡದ್ದನ್ನು ಹೇಳದವನನ್ನು ದೋಷಿಯೆಂದು ಎಣಿಸುತ್ತದೆ. ಈ ಎರಡರ ನಡುವೆ ಅಂಗಡಿಯವರು ಮೂರು ತಿಂಗಳು ತೂಗಾಡಿದರು. ಕೊನೆಗೆ ತಾವಾಗಿಯೇ ಬಂದರು. ಪಾಟೀಸವಾಲಿನಲ್ಲಿ ವಕೀಲರು, ಸಾಕ್ಷಿ ಹೇಳಲು ಎಷ್ಟು ಪಡೆದಿರೆಂದು ಕೇಳಿದರು. "ಇವತ್ತು ಅಂಗಡಿ ಮುಚ್ಚಿ ಬಂದಿದ್ದೇನೆ ಸ್ವಾಮಿ" ಎಂದಷ್ಟೇ ಉತ್ತರ.

ತೀರ್ಪು ಬರುವ ಹೊತ್ತಿಗೆ ಅಪಘಾತವಾಗಿ ಎರಡೂವರೆ ವರ್ಷ ಕಳೆದಿತ್ತು. ನಿರ್ಲಕ್ಷ್ಯ ಚಾಲಕನದೆಂದಾಯಿತು. ಆದರೆ ಕತ್ತಲಲ್ಲಿ ಸೈಕಲ್ಲಿಗೆ ಹಿಂದಿನ ಪ್ರತಿಫಲಕ ಇರಲಿಲ್ಲವೆಂದು ಪರಿಹಾರದಲ್ಲಿ ಶೇಕಡಾ 20ನ್ನು ಕಳೆದರು. ನ್ಯಾಯಾಲಯದ ಮೆಟ್ಟಿಲ ಬಳಿ ಆ ತಾಯಿ ನನ್ನನ್ನು ಪಕ್ಕಕ್ಕೆ ಕರೆದು ಮೆಲ್ಲನೆ ಕೇಳಿದರು: "ಅಣ್ಣಾ, ನಾನು ಅವತ್ತು ಬಿದ್ರು ಅಂದೆನಲ್ಲ, ಅದಕ್ಕೇ ಕಳೆದರಾ?" ಅಲ್ಲವೆಂದು ತೀರ್ಪಿನ ಆ ಪುಟವನ್ನು ಓದಿ ಹೇಳಿದೆ. ಇನ್ನೊಮ್ಮೆ ಓದಿಸಿಕೊಂಡರು.