ಕೊಡೆ ಅನ್ನೋ ಅಣಬೆ ಮರಿ

ಭಾನುವಾರ ಬೆಳಿಗ್ಗೆ ಊರಿಗೆ ವಿಡಿಯೋ ಕಾಲ್ ಮಾಡೋ ಮನೆ ನಿಮ್ಮದೂ ಆಗಿದ್ದರೆ ಈ ಮಾತುಕತೆ ನಿಮಗೆ ಬಾಯಿಪಾಠ ಆಗಿರುತ್ತೆ.

"ತಿಂಡಿ ಆಯ್ತಾ ಮರಿ?"
"ಆಯ್ತು."
"ಏನ್ ತಿಂಡಿ?"
"ಸೀರಿಯಲ್."

ಅಲ್ಲಿಗೆ ಫೋನು ಅಕ್ಕನ ಕೈಗೆ. ಅಕ್ಕನ ಮಗನಿಗೆ 11 ವರ್ಷ. ಕನ್ನಡ ಅರ್ಥ ಆಗುತ್ತೆ, ಬಾಯಿಗೆ ಬರಲ್ಲ. ಬಂದರೂ ನಾಚಿಕೆ. ಅವನ ತಂಗಿ ಪುಟ್ಟಿಗೆ 8. ಅವಳಿಗೆ ನಾಚಿಕೆ ಇಲ್ಲ, ಆದರೆ ಪದಗಳೂ ಇಲ್ಲ. ನಾನು ಡೇಟಾ ಸೈಂಟಿಸ್ಟ್, ಎಣಿಸೋದು ನನ್ನ ಚಟ. ಸಾಗರದ ಹತ್ತಿರದ ಹಳ್ಳಿಯಲ್ಲಿ ಕೂತಿರೋ ನಮ್ಮಮ್ಮನ ಜೊತೆ ಇವರಿಬ್ಬರ ಮಾತು ಒಂದು ನಿಮಿಷ ದಾಟಿದ್ದನ್ನ ನಾನು ನೋಡಿರಲಿಲ್ಲ.

ವಾಟರ್ಲೂನಲ್ಲಿ ಮಾಸ್ಟರ್ಸ್ ಮಾಡುವಾಗ ನಾನು ಡಂಜನ್ಸ್ ಅಂಡ್ ಡ್ರ್ಯಾಗನ್ಸ್ ಆಡೋಕೆ ಕಲಿತೆ. ಗೊತ್ತಿಲ್ಲದವರಿಗೆ: ಮೇಜಿನ ಸುತ್ತ ಕೂತು, ದಾಳ ಉರುಳಿಸಿ, ಎಲ್ಲರೂ ಸೇರಿ ಬಾಯಲ್ಲೇ ಕಟ್ಟೋ ಕಥೆ ಅದು. ಒಬ್ಬರು ನಡೆಸ್ತಾರೆ, ಉಳಿದವರು ಒಂದೊಂದು ಪಾತ್ರ ಆಗ್ತಾರೆ. ಕಳೆದ ಚಳಿಗಾಲ ಮಕ್ಕಳು ಹಟ ಮಾಡಿದರು ಅಂತ ಮಿಸಿಸಾಗಾದಲ್ಲಿರೋ ಅಕ್ಕನ ಮನೆಯ ಊಟದ ಮೇಜಿನ ಮೇಲೆ ಆಟ ಶುರು ಮಾಡಿದೆ. 2015ರಲ್ಲಿ ಬಂದ 'ಔಟ್ ಆಫ್ ದಿ ಅಬಿಸ್' ಅನ್ನೋ ಕಥೆ. ನೆಲದಾಳದ ಕತ್ತಲ ಲೋಕದ ಸೆರೆಮನೆಯಲ್ಲಿ ಶುರುವಾಗುತ್ತೆ. ಮಕ್ಕಳಿಗೆ ಸ್ವಲ್ಪ ಭಯಂಕರ, ಹಾಗಾಗಿ ಬೇಕಾದಷ್ಟು ಕತ್ತರಿ ಹಾಕಿದೆ.

ಆ ಸೆರೆಮನೆಯಲ್ಲಿ ಜೊತೆಗೊಂದು ಪುಟ್ಟ ಅಣಬೆ ಸಿಗುತ್ತೆ. ಹೆಸರು ಸ್ಟೂಲ್. ಅದರ ಜಾತಿ ಮೈಕೊನಿಡ್, ಅಂದರೆ ನಡೆದಾಡೋ, ಯೋಚನೆ ಮಾಡೋ ಅಣಬೆಗಳು. ಈ ಆಟದಲ್ಲಿ ಇವು ಮೊದಲು ಕಾಣಿಸಿಕೊಂಡಿದ್ದು 1981ರಲ್ಲಿ, ಲಾರೆನ್ಸ್ ಶಿಕ್ ಬರೆದ ಒಂದು ಸಾಹಸದಲ್ಲಿ. ರಾಕ್ಷಸರ ಪಟ್ಟಿಗೆ ಸೇರಿದರೂ ತೀರಾ ಸಾಧು ಜೀವಿಗಳು. ಯಾರ ತಂಟೆಗೂ ಹೋಗಲ್ಲ, ಹಿಂಸೆ ಹಿಡಿಸಲ್ಲ. ನೇರ ಬಿಸಿಲಲ್ಲಿ ಒಂದು ಗಂಟೆ ನಿಂತರೆ ಸತ್ತೇ ಹೋಗ್ತವೆ. ಗುಂಪಾಗಿ ಬದುಕ್ತವೆ. ಕೆಲಸ ಮುಗಿದ ಮೇಲೆ ಸುತ್ತ ಕೂತು ಎಲ್ಲರೂ ಸೇರಿ ಒಂದೇ ಕನಸು ಕಾಣ್ತವೆ. ಬದುಕೋದೇ ಆ ಕನಸಿಗಾಗಿ ಅಂತ ಅವುಗಳ ನಂಬಿಕೆ.

ಇವಕ್ಕೆ ಬಾಯಿ ಮಾತಿಲ್ಲ. ಬೀಜಕಗಳನ್ನ, ಅದೇ ಸ್ಪೋರ್‌ಗಳನ್ನ, ಗಾಳಿಗೆ ಬಿಡ್ತವೆ. ಅದು ತಗುಲಿದವರು 30 ಅಡಿಯೊಳಗೆ ಇದ್ದರೆ, 1 ಗಂಟೆ ಕಾಲ ಒಬ್ಬರ ಮನಸ್ಸು ಇನ್ನೊಬ್ಬರಿಗೆ ಕೇಳಿಸುತ್ತೆ. ಭಾಷೆ ಬೇರೆ ಆದರೂ ಪರವಾಗಿಲ್ಲ. ಭಾಷೆಗಳನ್ನ ಅಂಕಿಗಳಾಗಿ ಮಾಡಿ ಅರ್ಥ ಹೊಂದಿಸೋಕೆ ದಿನವಿಡೀ ಒದ್ದಾಡೋ ನನ್ನಂಥವಳಿಗೆ ಹೊಟ್ಟೆಕಿಚ್ಚು ಬರೋ ವಿಷಯ ಇದು.

ಟೋಡ್‌ಸ್ಟೂಲ್‌ನ ಬಾಲ ಹಿಡಿದು ಸ್ಟೂಲ್ ಅಂತ ಹೆಸರಿಟ್ಟಿದ್ದಾರೆ. ನಮ್ಮಲ್ಲಿ ನಾಯಿಕೊಡೆ ಅಂತೀವಲ್ಲ, ಹಾಗಾಗಿ ನಾನು ಅವನನ್ನ 'ಕೊಡೆ' ಮಾಡಿದೆ. ಜೊತೆಗೆ ಎರಡು ಮನೆ ನಿಯಮ. ಬೀಜಕದ ಮೂಲಕ ಆಡೋ ಮಾತೆಲ್ಲ ಕನ್ನಡದಲ್ಲೇ ಇರಬೇಕು, ಕೊಡೆಯದೂ ಇವರದೂ. ಮತ್ತೆ, ಮನಸ್ಸೇ ಮನಸ್ಸಿಗೆ ತಾಗೋದರಿಂದ ಅದರಲ್ಲಿ ಸುಳ್ಳು ಹೇಳೋಕಾಗಲ್ಲ. ಎರಡನೇ ನಿಯಮ ಸುಮ್ಮನೆ ಸೇರಿಸಿದ್ದು. ಅದು ನನಗೇ ತಿರುಗಿ ಬರುತ್ತೆ ಅಂದ್ಕೊಂಡಿರಲಿಲ್ಲ.

ಮೊದಲ ವಾರ ಅವನು ಬಾಯೇ ಬಿಡಲಿಲ್ಲ. ಪುಟ್ಟಿ "ಕೊಡೆ, ನೀನು ಏನು ತಿಂತಾನೆ?" ಅಂದಳು. ನಾನು ತಿದ್ದಲಿಲ್ಲ, ಕೊಡೆಗೆ ವ್ಯಾಕರಣ ಬರಲ್ಲ. ಅದಾದ ಮೇಲೆ ಇವನೂ ಶುರು ಮಾಡಿದ. ಮಾರ್ಚ್ ಹೊತ್ತಿಗೆ ಅಜ್ಜಿಗೇ ಕೊಡೆಯ ಕಥೆ ಹೇಳಿದ. ನಮ್ಮಮ್ಮ ಗಂಭೀರವಾಗಿ ಕೇಳಿಸಿಕೊಂಡು, "ತಿನ್ನೋ ಅಣಬೆನೋ, ವಿಷದ್ದೋ?" ಅಂದರು. "ಅಜ್ಜೀ, ಫ್ರೆಂಡ್!" ಅಂತ ಕೂಗಿದ. ಆವತ್ತು 11 ನಿಮಿಷ ಮಾತಾಡಿದರು. ಹೌದು, ಎಣಿಸಿದೆ.

ಇಷ್ಟರಲ್ಲಿ ನಾನೂ ಅಕ್ಕನೂ ಒಂದು ವಿಷಯ ಮುಚ್ಚಿಟ್ಟಿದ್ವಿ. ಅಮ್ಮನಿಗೆ ಮಂಡಿ ನೋವು, ಒಬ್ಬರೇ ಇರೋದು ಕಷ್ಟ. ಸಾಗರ ಪೇಟೆಯಲ್ಲಿ ಸಣ್ಣ ಮನೆ ನೋಡಿದ್ದಾಯಿತು. ಹಳ್ಳಿ ಮನೆ ಹಿತ್ತಲು ಸಮೇತ ಮಾರಾಟಕ್ಕಿಟ್ಟು ಮೇ ತಿಂಗಳಲ್ಲಿ ಅಡ್ವಾನ್ಸ್ ಕೂಡ ತಗೊಂಡಿದ್ದರು. 2019ರಲ್ಲಿ ಹೋದಾಗ ಇವನು ಪುಟ್ಟ ಹುಡುಗ. ಹಿತ್ತಲಿನ ಹುತ್ತದ ಮೇಲೆ ಮೊದಲ ಮಳೆಗೆ ಎದ್ದ ಅಣಬೆಗಳನ್ನ ಅಜ್ಜಿ ಮಣ್ಣು ಕೊಡವಿ ಮಡಿಲಿಗೆ ಹಾಕಿಕೊಂಡಿದ್ದನ್ನ ಇವತ್ತಿಗೂ ಹೇಳ್ತಾನೆ. ಆ ಮನೆ ಇನ್ನು ಇಲ್ಲ ಅಂತ ಹೇಗೆ ಹೇಳೋದು? ನಾಳೆ, ನಾಡಿದ್ದು ಅಂತ ತಳ್ಳಿದ್ವಿ.

ಜೂನ್ ಮೊದಲ ವಾರ ಆಟದಲ್ಲಿ ಕೊಡೆಯ ಊರು ತಲುಪಿದ್ವಿ. ನೆವರ್‌ಲೈಟ್ ಗ್ರೋವ್, ಮೈಕೊನಿಡ್‌ಗಳ ತೋಪು. ಅಲ್ಲಿಗೆ ಕರ್ಕೊಂಡು ಹೋಗ್ತೀವಿ ಅಂತ ಮಕ್ಕಳು ಕೊಡೆಗೆ ಭಾಷೆ ಕೊಟ್ಟಿದ್ದರು. ಆದರೆ ಕಥೆಯಲ್ಲಿ ಆ ಊರು ಹದಗೆಟ್ಟಿದೆ. ಇಬ್ಬರು ಮುಖ್ಯಸ್ಥರಲ್ಲಿ ಒಬ್ಬನಾದ ಫೈಲೋ ವಿಪರೀತ ಖುಷಿಯಲ್ಲಿದ್ದಾನೆ. ಶಿಲೀಂಧ್ರಗಳ ರಾಕ್ಷಸ ರಾಣಿ ಜಗ್ಟ್‌ಮೋಯ್ ಅವನ ಮನಸ್ಸು ಹೊಕ್ಕಿದ್ದಾಳೆ. ಇನ್ನೊಬ್ಬ, ಬಸಿಡಿಯಾ, ಅನುಮಾನದಿಂದ ದೂರ ನಿಂತಿದ್ದಾನೆ. ನೋಡಿ, ಎಲ್ಲರ ಮನಸ್ಸೂ ಒಂದಾಗೋ ಜಾಗದಲ್ಲಿ ಕೇಡು ಹರಡೋದು ಎಷ್ಟು ಸುಲಭ! ಒಂದೊಂದು ಪದ ಹುಡುಕಿ ಪೋಣಿಸೋ ನಮ್ಮ ಕಷ್ಟವೇ ವಾಸಿ ಅಂತ ನನಗೆ ಅನಿಸಿದ್ದು ಅಲ್ಲೇ.

ಇವನು ಬೀಜಕ ಬೇಕು ಅಂದ. ಕೊಡೆಯ ಕಡೆ, ಅಂದರೆ ನನ್ನ ಕಡೆ, ತಿರುಗಿ ಕೇಳಿದ: "ಕೊಡೆ, ಇದು ನಿನ್ ಮನೆನಾ?"

ನನಗೆ ತಕ್ಷಣ ಬಾಯಿ ಬರಲಿಲ್ಲ. ಪುಸ್ತಕದಲ್ಲಿ ಏನೋ ಹುಡುಕ್ತಿದ್ದೀನಿ ಅಂದ್ಕೊಂಡಿರಬೇಕು, ಕಾದ. ಅಡಿಗೆಮನೆಯಲ್ಲಿ ಪಾತ್ರೆ ತೊಳೀತಿದ್ದ ಅಕ್ಕ ನಲ್ಲಿ ನಿಲ್ಲಿಸಿದಳು.

"ಜಾಗ ಇದೇ," ಅಂದೆ. "ಆದರೆ ನಾನು ಬಿಟ್ಟು ಹೋದಾಗ ಇದ್ದ ಹಾಗೆ ಇಲ್ಲ."

"ಹಾಗಾದ್ರೆ ನೀನು ನಮ್ ಜೊತೆನೇ ಇರು," ಅಂದಳು ಪುಟ್ಟಿ. ಅವನು ಏನೂ ಹೇಳಲಿಲ್ಲ. ನನ್ನ ಮುಖ ನೋಡ್ತಿದ್ದ. ಆಮೇಲೆ ಇಂಗ್ಲಿಷಿಗೆ ತಿರುಗದೆ ಕೇಳಿದ, "ಚಿಕ್ಕಮ್ಮ, ಏನಾಯ್ತು?"

ಬೀಜಕದ ಒಂದು ಗಂಟೆ ಇನ್ನೂ ಮುಗಿದಿರಲಿಲ್ಲ. ಅಕ್ಕ ಕೈ ಒರೆಸಿಕೊಂಡು ಬಂದು ಕೂತಳು. ಇಬ್ಬರೂ ಸೇರಿ ಹೇಳಿದ್ವಿ, ಕನ್ನಡದಲ್ಲೇ. ಪುಟ್ಟಿ ಅತ್ತಳು, ಆಮೇಲೆ ಐಸ್‌ಕ್ರೀಮ್ ಕೇಳಿದಳು. ಅವನು ದಾಳಗಳನ್ನೆಲ್ಲ ಡಬ್ಬಿಗೆ ತುಂಬಿ, ಮುಚ್ಚಳ ಹಾಕಿ, ಆಮೇಲೆ ಒಂದೇ ಪ್ರಶ್ನೆ ಕೇಳಿದ. ಆ ಹುತ್ತ ಯಾರಿಗೆ ಹೋಯ್ತು?

ಭಾನುವಾರ ಅಜ್ಜಿಯನ್ನೇ ಕೇಳಿದ. "ಅದೂ ಅವರಿಗೇ ಮರಿ," ಅಂದರು ಅಮ್ಮ. "ಆದರೆ ಈ ವರ್ಷ ಮಳೆ ತಡ. ಅಣಬೆ ಇನ್ನೂ ಎದ್ದಿಲ್ಲ. ನಾನು ಮನೆ ಬಿಡೋದು ಆಷಾಢ ಕಳೆದ ಮೇಲೆ. ಅಷ್ಟರಲ್ಲಿ ಎದ್ದರೆ ಫೋಟೋ ಕಳಿಸ್ತೀನಿ."