ಸೈರನ್ ಇಲ್ಲದ ಕೆಲಸ

ಅಪ್ಪ ರಾಜಾಜಿನಗರ ಇಂಡಸ್ಟ್ರಿಯಲ್ ಎಸ್ಟೇಟಿನ ಫ್ಯಾಕ್ಟರಿಯಲ್ಲಿದ್ದರು. ಸಂಜೆ ಸೈರನ್ ಕೂಗಿದರೆ ಕೆಲಸ ಮುಗೀತು. ನನ್ನ ಲ್ಯಾಪ್‌ಟಾಪಿಗೆ ಸೈರನ್ ಇಲ್ಲ.

2024ರ ಜುಲೈನಲ್ಲಿ ಐಟಿಯವರಿಗೆ ದಿನಕ್ಕೆ 14 ಗಂಟೆ ಕೆಲಸದ ಪ್ರಸ್ತಾಪ ಬಂದಾಗ ನೌಕರರ ಸಂಘ ವಿರೋಧಿಸಿತು. ನಾನು ನಕ್ಕಿದ್ದೆ, ಆಗಲೇ ಅಷ್ಟು ದುಡೀತಿದ್ದೀನಲ್ಲ! ನಮ್ಮ ಟೀಮಿನ ಇಬ್ಬರನ್ನು ತೆಗೆದ ಮೇಲೆ ನಗು ನಿಂತಿತು, ನಿದ್ದೆಯೂ ಹೋಯಿತು. ವಿಜಯನಗರದ ಮನೆಯ ಸಾಲ ನೆನೆದು ಯಾರಿಗೂ ಹೇಳಲಿಲ್ಲ.

ಒಂದು ರಾತ್ರಿ ಅಪ್ಪ ಪಕ್ಕ ಬಂದು ಕೂತರು. "ಫ್ಯಾಕ್ಟರಿ ಮುಚ್ಚಿದಾಗ ನಾನೂ ಮೂರು ತಿಂಗಳು ಊಟದ ಡಬ್ಬಿ ಹಿಡ್ಕೊಂಡು ಸುಮ್ನೆ ಹೊರಡ್ತಿದ್ದೆ ಕಣೋ. ನಿಮ್ಮಮ್ಮಂಗೆ ಮೊದಲ ವಾರವೇ ಗೊತ್ತಾಗಿತ್ತಂತೆ."

ಅವತ್ತು ಎಲ್ಲ ಹೇಳಿಕೊಂಡೆ. ಮಾರನೇ ದಿನ ಟೆಲಿ ಮಾನಸ್‌ನ 14416ಕ್ಕೂ ಫೋನ್ ಮಾಡಿದೆ. ಕೆಲಸದ ಭಯ ಹೋಗಿಲ್ಲ. ಆದರೆ ರಾತ್ರಿ ಒಂಬತ್ತಾದರೆ ಅಪ್ಪ ಕೂಗ್ತಾರೆ, "ಸೈರನ್ ಆಯ್ತು, ಊಟಕ್ಕೆ ಬಾ!"